2008ರ ಸ್ವಿಫ್ಟ್‌ಗೆ ಬೇರೆ ರಿಮ್: 4×100 ಅಂತ ಇದ್ದರೆ ಸಾಕಾ?

ಬಟವಾಡಿ_ಸ್ವಿಫ್ಟ್ (ತುಮಕೂರು):

ಎಲ್ಲರಿಗೂ ನಮಸ್ಕಾರ. ಗಾಡಿ 2008ರ ಸ್ವಿಫ್ಟ್ ವಿಎಕ್ಸ್‌ಐ, ಪೆಟ್ರೋಲ್. ಕಂಪನಿಯ ಸ್ಟೀಲ್ ರಿಮ್, ಟೈರು 165/80 ಆರ್14. ಎಡಗಡೆಯ ಎರಡೂ ರಿಮ್ಮು ಒಳಅಂಚಿನಲ್ಲಿ ಬೆಂಡಾಗಿವೆ. ಹೆದ್ದಾರಿ 48ರಲ್ಲಿ ಶಿರಾ ಕಡೆ ಓಡಾಟ ಜಾಸ್ತಿ, 80 ದಾಟಿದರೆ ಸ್ಟೀರಿಂಗ್ ನಡುಗುತ್ತೆ. ಬ್ಯಾಲೆನ್ಸಿಂಗ್ ಮಾಡಿಸಿದರೂ ಹೋಗಲಿಲ್ಲ.

ಈಗ ಕೈಗೆ ಸಿಗೋದು ಇವು. ಅದೇ ಅಳತೆಯ ಸ್ಟೀಲ್ ರಿಮ್ ಎರಡು, ಹೊಸದು. ಇಲ್ಲಾಂದ್ರೆ ಹ್ಯುಂಡೈ ಆಕ್ಸೆಂಟ್‌ನಿಂದ ಬಿಚ್ಚಿದ 14 ಇಂಚಿನ ಅಲಾಯ್ ನಾಲ್ಕು, ಹಿಂದೆ 5½ಜೆ×14, 46 ಅಂತ ಒತ್ತಿದೆ. ಮೂರನೇದು ಹೊರಗಿನ ಕಂಪನಿಯ 15 ಇಂಚಿನ ಅಲಾಯ್, 6.5ಜೆ, ಇಟಿ38, ಎಂಟು ತೂತಿನದು, ನಡುವಿನ ಬೋರ್ 73.1. ಮಾರೋರು ಎಲ್ಲದಕ್ಕೂ "4×100 ಇದೆ ಸಾರ್, ಕಣ್ಮುಚ್ಚಿಕೊಂಡು ಹಾಕಿ" ಅಂತಾರೆ. ತೂತು ಹೊಂದಿದರೆ ಅಷ್ಟೇ ಸಾಕಾ? ಇನ್ನೇನು ನೋಡಬೇಕು?

ಗುಬ್ಬಿಗೇಟ್_ಲೇತ್:

ಸಾಲದು ಸಾರ್. 4×100 ಅಂದ್ರೆ ನಾಲ್ಕು ತೂತು, ಅವುಗಳ ನಡುಬಿಂದು ಹಾದುಹೋಗೋ ವೃತ್ತದ ವ್ಯಾಸ (ಪಿಸಿಡಿ) 100 ಮಿಮೀ. ಪಿಸಿಡಿ ಹೊಂದಿದರೆ ಚಕ್ರ ಕೂರುತ್ತೆ, ಅಷ್ಟೇ. ನೆಟ್ಟಗೆ ಕೂತಿದೆಯಾ, ಕೂತಲ್ಲೇ ನಿಲ್ಲುತ್ತಾ ಅನ್ನೋದನ್ನ ನಡುವಿನ ಬೋರು, ನಟ್ಟಿನ ಮರೆ (ಥ್ರೆಡ್), ನಟ್ಟು ಕೂರೋ ಸೀಟು ಇವು ತೀರ್ಮಾನ ಮಾಡ್ತವೆ.

ಮೊದಲು ಪಿಸಿಡಿಯನ್ನ ನೀವೇ ಅಳೆದುಕೊಳ್ಳಿ, ಬಾಯಿಮಾತು ನಂಬಬೇಡಿ. ನಾಲ್ಕು ತೂತಿನ ರಿಮ್ಮಾದರೆ ಒಂದು ತೂತಿನ ಹೊರಅಂಚಿನಿಂದ ಎದುರು ತೂತಿನ ಒಳಅಂಚಿನವರೆಗೆ ವರ್ನಿಯರ್ ಹಿಡಿಯಿರಿ, ಅದೇ ಪಿಸಿಡಿ. ಸರಿಯಾಗಿ 100 ಮಿಮೀ ಬರಬೇಕು. ಫಿಯಟ್ ಪಾಲಿಯೋದು 98, ಫೋರ್ಡ್ ಐಕಾನ್‌ದು 108. ಈ 98ರ ರಿಮ್ಮೇ ಅಪಾಯದ್ದು, ಯಾಕಂದ್ರೆ ಒತ್ತಿದರೆ 100ರ ಹಬ್ (ಗಾಡಿಯಲ್ಲಿ ಚಕ್ರ ಕೂರೋ ಭಾಗ) ಮೇಲೂ ಕೂತುಬಿಡುತ್ತೆ. ಪ್ರತಿ ಸ್ಟಡ್ಡಿಗೆ (ಹಬ್‌ನಿಂದ ಹೊರಚಾಚಿರೋ, ನಟ್ಟು ಹಾಕೋ ಬೋಲ್ಟು) 1 ಮಿಮೀ ವ್ಯತ್ಯಾಸ, ನಟ್ಟು ಓರೆಯಾಗಿ ಬಿಗಿಯಾಗುತ್ತೆ, ಸ್ಟಡ್ಡಿನ ಮೇಲೆ ಸದಾ ಬಾಗೋ ಒತ್ತಡ. ಒಂದಷ್ಟು ದಿನ ಓಡಿದ ಮೇಲೆ ನಟ್ಟು ಸಡಿಲ, ಇಲ್ಲವೇ ಸ್ಟಡ್ಡು ಕಟ್. ಎಂಟು ತೂತಿನ ರಿಮ್ಮಲ್ಲಿ ಸಾಮಾನ್ಯವಾಗಿ ಒಂದು ಜೊತೆ 100, ಇನ್ನೊಂದು 114.3. ಯಾವ ನಾಲ್ಕು ನಿಮ್ಮವು ಅಂತ ಮಾರ್ಕರ್‌ನಲ್ಲಿ ಗುರುತು ಹಾಕಿಟ್ಟುಕೊಳ್ಳಿ.

"ಮಾರುತಿದು ಮಾರುತಿಗೆ ಆಗುತ್ತೆ" ಅನ್ನೋದನ್ನೂ ಮರೆತುಬಿಡಿ. ಎಸ್‌ಎಕ್ಸ್4 5×114.3, ಜಿಪ್ಸಿ 5×139.7.

ಆಮೇಲೆ ಬೋರು. ಸ್ವಿಫ್ಟ್ ಹಬ್‌ನ ಉಬ್ಬು 54.1 ಮಿಮೀ. ಆಕ್ಸೆಂಟ್ ರಿಮ್ಮಿನ ಬೋರೂ 54.1, ಹಾಗಾಗಿ ಅದು ರಿಂಗಿಲ್ಲದೇ ಕಚ್ಚಿಕೊಳ್ಳುತ್ತೆ. ಹೋಂಡಾ ಸಿಟಿದು 56.1, ಅದಕ್ಕೆ ರಿಂಗ್ ಬೇಕು. ನಿಮ್ಮ ಮೂರನೇ ರಿಮ್ಮು 73.1, ಅಂದ್ರೆ ಸುತ್ತಲೂ 9.5 ಮಿಮೀ ಖಾಲಿ. ಅದಕ್ಕೆ ಹೊರಗೆ 73.1, ಒಳಗೆ 54.1 ಇರೋ ಹಬ್ ರಿಂಗ್ ನಾಲ್ಕೂ ಚಕ್ರಕ್ಕೆ ಹಾಕಲೇಬೇಕು. ರಿಂಗಿಲ್ಲದಿದ್ದರೆ ಚಕ್ರವನ್ನ ನಡುವಿಗೆ ತರೋದು ಬರೀ ನಟ್ಟಿನ ಕೋನ್. ಬಿಗಿ ಮಾಡುವಾಗ ಗಾಡಿ ಭಾರ ಚಕ್ರದ ಮೇಲಿದ್ದರೆ ಅರ್ಧ ಮಿಮೀ ಆಚೀಚೆ ಕೂತುಬಿಡುತ್ತೆ. ಆಗ ಬ್ಯಾಲೆನ್ಸಿಂಗ್ ಮೆಷಿನ್ ಮೇಲೆ ಸೊನ್ನೆ ತೋರಿಸುತ್ತೆ, ಗಾಡಿಗೆ ಹಾಕಿದರೆ 80ಕ್ಕೆ ನಡುಗುತ್ತೆ. ಮೆಷಿನ್ ರಿಮ್ಮನ್ನ ತನ್ನ ಕೋನಿನ ಮೇಲೆ ನಡುವಿಗೆ ತಂದಿರುತ್ತೆ, ನಿಮ್ಮ ಹಬ್ಬು ತಂದಿರಲ್ಲ.

ಇನ್ನು ನಟ್ಟು. ಇದನ್ನ ದಯವಿಟ್ಟು ಗಮನ ಕೊಟ್ಟು ಓದಿ. ಸ್ವಿಫ್ಟ್ ಸ್ಟಡ್ಡು ಎಂ12×1.25, ಅಂದ್ರೆ 12 ಮಿಮೀ ದಪ್ಪ, ಮರೆಯ ಸುತ್ತಿನಿಂದ ಸುತ್ತಿಗೆ 1.25 ಮಿಮೀ. ಹ್ಯುಂಡೈ, ಹೋಂಡಾ, ಟೊಯೋಟಾ ಎಟಿಯಾಸ್ ಎಲ್ಲಾ ಎಂ12×1.5. ಆಕ್ಸೆಂಟ್ ರಿಮ್ ಕೊಡೋರು ಅದರ ಜೊತೆ ಅದರದೇ ನಟ್ಟನ್ನೂ ಕೊಡ್ತಾರೆ. ನೋಡೋಕೆ ಒಂದೇ ಥರ, ಕೈಯಲ್ಲಿ ಒಂದೆರಡು ಸುತ್ತು ಹೋಗುತ್ತೆ, ಆಮೇಲೆ ಹಿಡಿಯುತ್ತೆ. ಅಷ್ಟರಲ್ಲಿ ಹುಡುಗ ಏರ್ ಗನ್ ಹಿಡಿದರೆ ಸ್ಟಡ್ಡಿನ ಮರೆ ಪೂರ್ತಿ ಕಿತ್ತುಹೋಗುತ್ತೆ. ರಿಮ್ಮು ಯಾವ ಗಾಡಿದೇ ಇರಲಿ, ನಟ್ಟು ನಿಮ್ಮ ಗಾಡಿಯ ಸ್ಟಡ್ಡಿಗೆ ಹೊಂದೋದೇ ಬೇಕು.

ಸೀಟಿನ ಆಕಾರ ಇನ್ನೊಂದು. ಸುಜುಕಿ, ಹ್ಯುಂಡೈ 60 ಡಿಗ್ರಿ ಕೋನ್. ಹೋಂಡಾದ ಕಂಪನಿ ಅಲಾಯ್‌ನಲ್ಲಿ ಸೀಟು ಗುಂಡಗಿರುತ್ತೆ. ಗುಂಡು ಸೀಟಿಗೆ ಕೋನ್ ನಟ್ಟು ಹಾಕಿದರೆ ಒಂದು ತೆಳು ಗೆರೆಯಲ್ಲಿ ಮಾತ್ರ ಕಚ್ಚುತ್ತೆ, ಅಲ್ಯೂಮಿನಿಯಂ ಅಲ್ಲೇ ಸವೆದು ನಟ್ಟು ಸಡಿಲವಾಗುತ್ತೆ. ನಿಮ್ಮ ಪಟ್ಟಿಯಲ್ಲಿ ಹೋಂಡಾ ಇಲ್ಲ, ಆದರೆ ಗುಜರಿಗೆ ಹೋದರೆ ಅದನ್ನೂ ಕೈಗೆ ಹಿಡಿಸ್ತಾರೆ, ಅದಕ್ಕೇ ಹೇಳಿದ್ದು.

ಕೋಲಾರ_ಅಲೈನ್‌ಮೆಂಟ್:

ಮೇಲಿನವರು ಹೇಳಿದ್ದು ಸರಿ. ಆಫ್‌ಸೆಟ್ (ರಿಮ್ಮಿನ ನಡುಗೆರೆಯಿಂದ ಹಬ್‌ಗೆ ತಾಗೋ ಮುಖಕ್ಕಿರೋ ದೂರ, ಇಟಿ ಅಂತ ಒತ್ತಿರೋದು ಇದನ್ನೇ) ಬಿಟ್ಟಿದ್ದಾರೆ, 15 ಇಂಚಿನ ರಿಮ್ಮು ಸೋಲೋದೇ ಅಲ್ಲಿ.

ಲೆಕ್ಕ ಸುಲಭ. ರಿಮ್ಮಿನ ಅಗಲವನ್ನ (ಜೆ ಜೊತೆಗಿರೋ ಅಂಕಿ, ಇಂಚಿನಲ್ಲಿ) ಮಿಮೀಗೆ ತಂದು ಅರ್ಧ ಮಾಡಿ. ಅದರಿಂದ ಆಫ್‌ಸೆಟ್ ಕಳೆದರೆ ಹಬ್‌ನಿಂದ ಹೊರಗೆ ಎಷ್ಟು, ಕೂಡಿಸಿದರೆ ಒಳಗೆ ಎಷ್ಟು ಅಂತ ಗೊತ್ತಾಗುತ್ತೆ. ನಿಮ್ಮ ಹಳೇ ರಿಮ್ಮು 5ಜೆ, ಆಫ್‌ಸೆಟ್ 45 ಅಂತಿಟ್ಟುಕೊಳ್ಳೋಣ, ನಿಮ್ಮದರ ಮೇಲೆ ಬೇರೆ ಅಂಕಿ ಇದ್ದರೆ ಅದನ್ನ ಹಾಕಿ. 5 ಇಂಚು 127 ಮಿಮೀ, ಅರ್ಧ 63.5. ಹೊರಗೆ 18.5, ಒಳಗೆ 108.5. ಇನ್ನು 6.5ಜೆ ಇಟಿ38: ಅರ್ಧ 82.55. ಹೊರಗೆ 44.55, ಒಳಗೆ 120.55. ಅಂದ್ರೆ ರಿಮ್ಮು ಹೊರಗೆ 26 ಮಿಮೀ, ಒಳಗೆ 12 ಮಿಮೀ ಬೆಳೀತು. ಅದರ ಮೇಲೆ ಅಗಲದ ಟೈರು ಬೇರೆ. ಒಬ್ಬರೇ ಓಡಿಸುವಾಗ ಏನೂ ಗೊತ್ತಾಗಲ್ಲ. ಹಿಂದೆ ಮೂರು ಜನ, ಡಿಕ್ಕಿಯಲ್ಲಿ ಲಗೇಜು ಇದ್ದು ಹಂಪ್ ಮೇಲೆ ಇಳಿದಾಗ ಮಡ್‌ಗಾರ್ಡ್ ಅಂಚು ಟೈರನ್ನ ಸೀಳುತ್ತೆ. ಚಕ್ರ ಹೊರಗೆ ಹೋದಷ್ಟೂ ಬೇರಿಂಗ್ ಮೇಲಿನ ಹೊರೆ ಹೆಚ್ಚು, ಗುಂಡಿಗೆ ಬಿದ್ದಾಗ ಸ್ಟೀರಿಂಗ್ ಎಳೆಯೋದೂ ಹೆಚ್ಚು.

ಆಕ್ಸೆಂಟ್‌ದಕ್ಕೆ ಅದೇ ಲೆಕ್ಕ ಹಾಕಿ. 5.5ಜೆಯ ಅರ್ಧ 69.85, ಆಫ್‌ಸೆಟ್ 46. ಹೊರಗೆ 23.85, ಒಳಗೆ 115.85. ಹೊರಗೆ 5, ಒಳಗೆ 7 ಮಿಮೀ ವ್ಯತ್ಯಾಸ. ಇದು ಆಗುವಂಥದ್ದು. ಆದರೂ ಮುಂದಿನ ಚಕ್ರ ಹಾಕಿ ಗಾಡಿ ನೆಲಕ್ಕಿಳಿಸಿದ ಮೇಲೆ ಟೈರಿಗೂ ಶಾಕ್ ಅಬ್ಸಾರ್ಬರ್‌ಗೂ ನಡುವೆ ಕಿರುಬೆರಳು ತೂರುವಷ್ಟಾದರೂ ಜಾಗ ಇದೆಯಾ ನೋಡಿ. ಸ್ಟೀರಿಂಗ್ ಎರಡೂ ಕಡೆ ಪೂರ್ತಿ ತಿರುಗಿಸಿ ಇನ್ನೊಮ್ಮೆ ನೋಡಿ.

ಆಫ್‌ಸೆಟ್ ಅಂಕಿ ಅಳಿಸಿಹೋಗಿದ್ದರೆ ರಿಮ್ಮನ್ನ ಮುಖ ಕೆಳಗೆ ಮಾಡಿ ಮಲಗಿಸಿ. ಹಿಂದಿನ ಅಂಚಿನ ಮೇಲೆ ನೇರವಾದ ಪಟ್ಟಿ ಇಟ್ಟು, ಅಲ್ಲಿಂದ ಹಬ್‌ಗೆ ತಾಗೋ ಮುಖದವರೆಗೆ ಆಳ ಅಳೆಯಿರಿ. ರಿಮ್ಮಿನ ಅಂಚಿನಿಂದ ಅಂಚಿಗೆ ಪೂರ್ತಿ ಅಗಲ ಅಳೆದು ಅರ್ಧ ಮಾಡಿ, ಆಳದಿಂದ ಕಳೆಯಿರಿ. ಉಳಿದದ್ದೇ ಆಫ್‌ಸೆಟ್. ಇಲ್ಲಿ ಜೆ ಅಂಕಿ ಹಾಕಬೇಡಿ. ಅದು ಟೈರು ಕೂರೋ ಒಳಅಳತೆ, ಪೂರ್ತಿ ಅಗಲ ಅದಕ್ಕಿಂತ ಸುಮಾರು 1 ಇಂಚು ಜಾಸ್ತಿ ಇರುತ್ತೆ.

ಟೈರಿನ ಮಾತು. ನಿಮ್ಮ 165/80 ಆರ್14ರ ಒಟ್ಟು ಎತ್ತರ 619.6 ಮಿಮೀ. 185/70 ಆರ್14 ಹಾಕಿದರೆ 614.6, ಶೇ 0.8 ಕಡಿಮೆ. 185/65 ಆರ್15 ಆದರೆ 621.5, ಶೇ 0.3 ಹೆಚ್ಚು. ಇವೆರಡೂ ಸರಿ. 14ಕ್ಕೆ 185/65 ಹಾಕಿಕೊಡ್ತೀವಿ ಅಂದರೆ ಬೇಡ ಅನ್ನಿ: ಅದು 596, ಶೇ 3.8 ಕಡಿಮೆ. ಗಾಡಿ ಸುಮಾರು 12 ಮಿಮೀ ಕೆಳಗಿಳಿಯುತ್ತೆ, ಸ್ಪೀಡೋಮೀಟರ್ ಇರೋದಕ್ಕಿಂತ ಹೆಚ್ಚು ತೋರಿಸುತ್ತೆ. ಲೋಡ್ ಇಂಡೆಕ್ಸ್ (ಟೈರು ಹೊರಬಲ್ಲ ಭಾರದ ಸಂಕೇತ) ಈಗಿರೋದಕ್ಕಿಂತ ಇಳಿಯಬಾರದು. 85 ಅಂದ್ರೆ ಒಂದು ಟೈರಿಗೆ 515 ಕೆಜಿ. ರಿಮ್ಮಿನ ಮೇಲೂ ಗರಿಷ್ಠ ಲೋಡ್ ಒತ್ತಿರುತ್ತೆ, ಅದೂ ಇದಕ್ಕಿಂತ ಕಡಿಮೆ ಇರಕೂಡದು.

ನನ್ನ ಕೇಳಿದರೆ ಶಿರಾ ರೋಡಿನ ಓಡಾಟಕ್ಕೆ ಸ್ಟೀಲ್ ರಿಮ್ ಎರಡು ತಗೊಂಡು ಮುಗಿಸಿ. ಗುಂಡಿಗೆ ಬಿದ್ದರೆ ಸ್ಟೀಲು ಬೆಂಡಾಗುತ್ತೆ, ಅಲಾಯ್ ಬಿರುಕು ಬಿಡುತ್ತೆ. ಬೆಂಡಿಗೆ ರಿಪೇರಿ ಉಂಟು. ಹೊಸ ಸ್ಟೀಲ್ ರಿಮ್ಮಲ್ಲಿ ಐಎಸ್‌ಐ ಗುರುತು, ಐಎಸ್ 9436 ಅನ್ನೋ ಸಂಖ್ಯೆ ಇದೆಯಾ ನೋಡಿ, ಕಾರಿನ ರಿಮ್ಮಿಗೆ ಅನ್ವಯಿಸೋದು ಅದೇ.

ನಂದಿಬೆಟ್ಟ_ಗ್ಯಾರೇಜ್ (ಚಿಕ್ಕಬಳ್ಳಾಪುರ):

ಕೋಲಾರದವರ ಸಲಹೆ ಸರಿಯೇ, ಆದರೆ ಆಕ್ಸೆಂಟ್ ರಿಮ್ಮನ್ನ ಅಷ್ಟು ಬೇಗ ಬಿಟ್ಟುಬಿಡಬೇಕಿಲ್ಲ ಅಣ್ಣಾ. ಕಂಪನಿ ಫಿಟ್ ಅಲಾಯ್ ಹೊರಗಿನ ಅಗ್ಗದ ಅಲಾಯ್ ಥರ ಅಲ್ಲ. 14 ಇಂಚೇ ಇರೋದರಿಂದ ಟೈರಿನ ಪಕ್ಕದ ಗೋಡೆಯ ಎತ್ತರವೂ ಅಷ್ಟಾಗಿ ಕಳೆಯಲ್ಲ: 165/80ಕ್ಕೆ 132 ಮಿಮೀ, 185/70ಕ್ಕೆ 129.5. ರಿಮ್ಮನ್ನ ಕಾಯೋದು ಆ ರಬ್ಬರು. 5.5ಜೆ ಅಗಲವಂತೂ 185/70ಕ್ಕೆ ಹೇಳಿಮಾಡಿಸಿದ್ದು.

ಹಳೇ ಅಲಾಯ್ ನೋಡೋ ರೀತಿ ಹೇಳ್ತೀನಿ. ಟೈರು ಇರೋ ಹಾಗೇ ತಗೋಬೇಡಿ, ಬಿಚ್ಚಿಸಿ. ಮುಖದ ಹೊಳಪು ನೋಡಬೇಡಿ, ತಿರುಗಿಸಿ ಒಳಗಿನ ಕೊಳವೆ ಭಾಗ ನೋಡಿ. ಒಳಅಂಚು ಮತ್ತು ಕಡ್ಡಿ ಸೇರೋ ಜಾಗದ ಹಿಂಭಾಗ, ಬಿರುಕು ಹುಟ್ಟೋದು ಈ ಎರಡು ಕಡೆ. ಟೈರು ಕೂರೋ ಜಾಗದ ಸುತ್ತ ಬೆರಳಾಡಿಸಿ. ಒಂದು ಕಡೆ ಮಾತ್ರ ಬಣ್ಣ ದಪ್ಪಗಿದ್ದರೆ, ಉಬ್ಬು ಸಿಕ್ಕರೆ, ಅಲ್ಲಿ ವೆಲ್ಡಿಂಗ್ ಆಗಿದೆ ಅಂತ. ಕೊಳವೆಗೆ ವೆಲ್ಡಿಂಗ್ ಮಾಡಿದ ರಿಮ್ಮು ಎಷ್ಟು ಕಡಿಮೆಗೆ ಕೊಟ್ಟರೂ ಬೇಡ. ವೆಲ್ಡಿಂಗ್ ಬಿಸಿಗೆ ಸುತ್ತಲಿನ ಅಲ್ಯೂಮಿನಿಯಂ ಮೆತ್ತಗಾಗಿರುತ್ತೆ, ಮುಂದಿನ ಗುಂಡಿಗೆ ಅದರ ಪಕ್ಕದಲ್ಲೇ ಬಿಡುತ್ತೆ. ನಟ್ಟಿನ ಸೀಟು ಕೂಡ ಟಾರ್ಚ್ ಹಾಕಿ ನೋಡಿ: ಕೋನ್ ನುಣ್ಣಗೆ, ದುಂಡಗೆ ಇರಬೇಕು. ಮೊಟ್ಟೆ ಆಕಾರಕ್ಕೆ ಸವೆದಿದ್ದರೆ ಸಡಿಲ ನಟ್ಟಿನಲ್ಲೇ ಓಡಿಸಿದ್ದಾರೆ ಅಂತ ಅರ್ಥ.

ಆಮೇಲೆ ಬರೀ ರಿಮ್ಮನ್ನ ಬ್ಯಾಲೆನ್ಸಿಂಗ್ ಮೆಷಿನ್‌ಗೆ ಹಾಕಿಸಿ, ಅಂಚಿನ ಹತ್ತಿರ ಸ್ಕ್ರೂ ಡ್ರೈವರ್ ತುದಿ ಅಲುಗದಂತೆ ಹಿಡಿದು ನಿಧಾನಕ್ಕೆ ತಿರುಗಿಸಲು ಹೇಳಿ. ಅಂಚು ತುದಿಗೆ ಹತ್ತಿರ ಬಂದು ದೂರ ಹೋಗೋದು 1 ಮಿಮೀ ಒಳಗಿರಬೇಕು, ಪಕ್ಕಕ್ಕೂ ಅಷ್ಟೇ, ಮೇಲೆ ಕೆಳಗೂ ಅಷ್ಟೇ. ನಿಮ್ಮ ಬೆಂಡಾದ ಸ್ಟೀಲ್ ರಿಮ್ಮಿಗೂ ಇದೇ ಪರೀಕ್ಷೆ ಮಾಡಿಸಿ. ಬ್ಯಾಲೆನ್ಸಿಂಗ್ ಮಾಡಿಸಿದರೂ ನಡುಕ ಹೋಗದಿರೋಕೆ ಕಾರಣ ಇದೇ: ತೂಕ ಸರಿಮಾಡಬಹುದು, ಅಂಕುಡೊಂಕು ತೂಕದಿಂದ ಹೋಗಲ್ಲ.

ಸ್ವಿಫ್ಟ್‌ದೇ ಅಲಾಯ್ ಬೇಕಂದ್ರೆ 2011ರ ಮೇಲಿನ ಜೆಡ್‌ಎಕ್ಸ್‌ಐ 15 ಇಂಚಿನದು ಹುಡುಕಿ. ಪಿಸಿಡಿ, ಬೋರು, ಮರೆ ಎಲ್ಲಾ ನಿಮ್ಮದೇ, ಟೈರು 185/65 ಆರ್15. ತುಮಕೂರಲ್ಲಿ ಸಿಗದಿದ್ದರೆ ಬೆಂಗಳೂರಿನ ಜೆ.ಸಿ. ರೋಡ್, ಶಿವಾಜಿನಗರದ ಗುಜರಿ ಇದ್ದೇ ಇದೆ, ವರ್ನಿಯರ್ ಜೇಬಲ್ಲಿರಲಿ.

ಬಟವಾಡಿ_ಸ್ವಿಫ್ಟ್:

ತುಂಬಾ ಉಪಕಾರ ಆಯ್ತು. 15 ಇಂಚು 6.5ಜೆ ಕೈಬಿಟ್ಟೆ. ಆಕ್ಸೆಂಟ್ ರಿಮ್ಮು ಮೆಷಿನ್ ಪರೀಕ್ಷೆಯಲ್ಲಿ ಪಾಸಾದರೆ 185/70 ಜೊತೆ ಅದು, ಇಲ್ಲಾಂದ್ರೆ ಸ್ಟೀಲು. ಇನ್ನೆರಡು ಅನುಮಾನ. ಸ್ಟೆಪ್ನಿ ಹಳೇ ಸ್ಟೀಲ್ ರಿಮ್ಮಲ್ಲೇ 165/80 ಇರಬಹುದಾ? ನಟ್ಟು ಈಗಿರೋದೇ ನಡೆಯುತ್ತಾ, ಎಷ್ಟು ಬಿಗಿ ಮಾಡಬೇಕು?

ಗುಬ್ಬಿಗೇಟ್_ಲೇತ್:

ಸ್ಟೆಪ್ನಿ ಇರಲಿ. ಎತ್ತರದಲ್ಲಿ 5 ಮಿಮೀ ವ್ಯತ್ಯಾಸ ಅಷ್ಟೇ, ಪಂಚರ್ ಅಂಗಡಿವರೆಗೆ ಓಡಿಸೋಕೆ ತೊಂದರೆಯಿಲ್ಲ. ಮುಂದಿನ ಚಕ್ರಕ್ಕೆ ಹಾಕಿಕೊಂಡು ದಿನಗಟ್ಟಲೆ ಓಡಿಸಬೇಡಿ.

ನಟ್ಟಿಗೆ ಒಂದು ಪರೀಕ್ಷೆ ಇದೆ. ಅಲಾಯ್ ಹಾಕಿ, ಕೈಯಲ್ಲೇ ನಟ್ಟು ತಿರುಗಿಸಿ, ರಿಮ್ಮಿಗೆ ಕೂರೋವರೆಗೆ ಸುತ್ತು ಎಣಿಸಿ. 12 ಮಿಮೀ ಸ್ಟಡ್ಡಿಗೆ ಕನಿಷ್ಠ 12 ಮಿಮೀ ಮರೆ ಕಚ್ಚಬೇಕು. 1.25 ಮರೆಯಲ್ಲಿ ಅದು ಸುಮಾರು 10 ಸುತ್ತು. ಏಳೆಂಟಕ್ಕೇ ನಿಂತರೆ ಆ ನಟ್ಟು ಬೇಡ, ಕೋನ್ ಉದ್ದ ಇರೋ ಎಂ12×1.25 ಅಲಾಯ್ ನಟ್ಟು ತಗೊಳ್ಳಿ. ಸ್ಪೇಸರ್ (ಹಬ್‌ಗೂ ರಿಮ್ಮಿಗೂ ನಡುವೆ ಇಡೋ ಬಿಲ್ಲೆ) ಹಾಕೋಣ ಅಂದರೂ ಒಪ್ಪಬೇಡಿ, ಅದು ಇದೇ ಸುತ್ತುಗಳನ್ನ ತಿನ್ನುತ್ತೆ. ತುದಿ ಮುಚ್ಚಿದ ಟೋಪಿ ನಟ್ಟು ತಗೊಂಡರೆ ಹಳೇ ನಟ್ಟು ನಾಲ್ಕು ಡಿಕ್ಕಿಯಲ್ಲಿರಲಿ. ಸ್ಟೆಪ್ನಿಯ ತೆಳು ಸ್ಟೀಲ್ ಮೇಲೆ ಟೋಪಿಯ ಒಳತಳ ಮೊದಲು ಸ್ಟಡ್ಡಿಗೆ ತಾಗಿ, ಬಿಗಿಯಾದ ಹಾಗೆ ಅನ್ನಿಸಿ ರಿಮ್ಮು ಸಡಿಲವೇ ಉಳಿಯಬಹುದು.

ಹಾಕೋ ಮುಂಚೆ ಹಬ್ ಮುಖದ ತುಕ್ಕನ್ನ ವೈರ್ ಬ್ರಷ್‌ನಲ್ಲಿ ತಿಕ್ಕಿ ತೆಗೆಯಿರಿ. ಅಲ್ಲಿ ಒಂದು ಚಕ್ಕೆ ತುಕ್ಕು ಕೂತರೂ ಚಕ್ರ ಓಲಾಡುತ್ತೆ. ನಡುವಿನ ಉಬ್ಬಿಗೆ ತೆಳುವಾಗಿ ಗ್ರೀಸ್ ಸವರಿ, ಅಲಾಯ್ ಅಂಟಿಕೊಳ್ಳಲ್ಲ. ಸ್ಟಡ್ಡಿಗೂ ನಟ್ಟಿನ ಸೀಟಿಗೂ ಗ್ರೀಸ್ ಹಚ್ಚಲೇಬೇಡಿ, ಅದೇ ಟಾರ್ಕ್‌ಗೆ ಸ್ಟಡ್ಡು ಹೆಚ್ಚು ಎಳೆದುಕೊಳ್ಳುತ್ತೆ. ಚಕ್ರ ಗಾಳಿಯಲ್ಲಿರುವಾಗಲೇ ನಾಲ್ಕೂ ನಟ್ಟು ಎದುರುಬದುರಾಗಿ ಕೂರಿಸಿ, ಇಳಿಸಿದ ಮೇಲೆ ಟಾರ್ಕ್ ರೆಂಚ್‌ನಲ್ಲಿ 85 ನ್ಯೂಟನ್ ಮೀಟರ್. ಏರ್ ಗನ್ ಬಿಚ್ಚೋಕೆ ಮಾತ್ರ. 100 ಕಿಮೀ ಓಡಿದ ಮೇಲೆ ಚಕ್ರ ತಣ್ಣಗಿರುವಾಗ ಇನ್ನೊಮ್ಮೆ ರೆಂಚ್ ಇಟ್ಟು ನೋಡಿ. ಅಲಾಯ್‌ನ ಸೀಟು ಸ್ವಲ್ಪ ಕೂತುಕೊಳ್ಳುತ್ತೆ, ಒಂಚೂರು ತಿರುಗಿದರೆ ಅದು ಮಾಮೂಲು. ಅದಕ್ಕಿಂತ ಹೆಚ್ಚು ತಿರುಗಿದರೆ ಚಕ್ರ ಬಿಚ್ಚಿ ಸೀಟು ನೋಡಿ.

ಕೋಲಾರ_ಅಲೈನ್‌ಮೆಂಟ್:

ಒಂದು ಸೇರಿಸ್ತೀನಿ. ಅಲಾಯ್‌ಗೆ ಅಂಚಿಗೆ ಹೊಡೆಯೋ ತೂಕ ಹಾಕಿಸಬೇಡಿ, ಒಳಗೆ ಅಂಟಿಸೋದು ಹಾಕಿಸಿ, ಅಂಟಿಸೋ ಜಾಗ ಒರೆಸಿದ ಮೇಲೆ. ವಾಲ್ವ್ ನಾಲ್ಕೂ ಹೊಸದಿರಲಿ. ಅಲೈನ್‌ಮೆಂಟ್ ಮಾಡಿಸೋದು ರಿಮ್ಮು ಟೈರು ಎಲ್ಲಾ ಬದಲಾದ ಮೇಲೆ, ಮುಂಚೆ ಅಲ್ಲ. ಆ ಗುಂಡಿ ಎರಡು ರಿಮ್ ಬೆಂಡ್ ಮಾಡಿದೆ ಅಂದ್ರೆ ಎಡಗಡೆ ಲೋಯರ್ ಆರ್ಮ್ ಬುಷ್, ಟೈ ರಾಡ್ ತುದಿ ನೋಡದೆ ಟೋ (ಚಕ್ರಗಳು ಒಳಗೆ ಹೊರಗೆ ತಿರುಗಿರೋ ಕೋನ) ಸೆಟ್ ಮಾಡಿಸಿದರೆ ದುಡ್ಡು ದಂಡ.