ಜಂಪ್ ಅಲ್ಟಿಮೇಟ್ ಸ್ಟಾರ್ಸ್: ಮೂಲ ಕಾರ್ಟ್ರಿಜ್‌ಗೆ ಅಭಿಮಾನಿ ಅನುವಾದ ಅಳವಡಿಸುವುದು ಹೇಗೆ?

ಪ್ರಶ್ನೆ

2006ರ ನವೆಂಬರ್‌ನಲ್ಲಿ ನಿಂಟೆಂಡೊ ಡಿಎಸ್ ಎಂಬ ಎರಡು ಪರದೆಯ ಕೈಯಾಟದ ಕನ್ಸೋಲ್‌ಗಾಗಿ ಜಪಾನಿನಲ್ಲಿ ಮಾತ್ರ ಬಿಡುಗಡೆಯಾದ ‘ಜಂಪ್ ಅಲ್ಟಿಮೇಟ್ ಸ್ಟಾರ್ಸ್’ ಎಂಬ ಹೊಡೆದಾಟದ ಆಟದ ಮೂಲ ಕಾರ್ಟ್ರಿಜ್ ನನ್ನಲ್ಲಿದೆ. ಡಿಎಸ್ ಆಟಗಳಿಗೆ ಪ್ರದೇಶದ ನಿರ್ಬಂಧ ಇಲ್ಲದಿರುವುದರಿಂದ ಆಟವೇನೋ ತೆರೆದುಕೊಳ್ಳುತ್ತದೆ. ಆದರೆ ಜಪಾನಿ ಓದಲು ಬಾರದ ನಾನು ಡೆಕ್ (ಹೋರಾಟಕ್ಕೆ ಒಯ್ಯುವ ಪಾತ್ರಗಳ ತಂಡ) ಕಟ್ಟುವ ಹಂತದಲ್ಲೇ ನಿಂತುಬಿಡುತ್ತೇನೆ. ಅಭಿಮಾನಿಗಳು ಮಾಡಿರುವ ಇಂಗ್ಲಿಷ್ ಅನುವಾದವನ್ನು ನನ್ನದೇ ಪ್ರತಿಗೆ ಅಳವಡಿಸುವ ಕ್ರಮವೇನು? ಇಂಥ ಆಟವನ್ನು ಹೊಸ ಕನ್ಸೋಲ್‌ಗಳಿಗೆ ಏಕೆ ತರಲಿಲ್ಲ?

ಉತ್ತರ 1

ಎರಡನೆಯ ಪ್ರಶ್ನೆಯನ್ನು ಮೊದಲು ತೆಗೆದುಕೊಳ್ಳುತ್ತೇನೆ. ಗಂಬಾರಿಯನ್ ಸಂಸ್ಥೆ ರೂಪಿಸಿದ ಈ ಆಟದಲ್ಲಿ 41 ಮಾಂಗಾ (ಜಪಾನಿ ಚಿತ್ರಕಥೆ) ಸರಣಿಗಳ 300ಕ್ಕೂ ಹೆಚ್ಚು ಪಾತ್ರಗಳಿವೆ. ಎಲ್ಲವೂ ‘ಶೋನೆನ್ ಜಂಪ್’ ಎಂಬ ಒಂದೇ ವಾರಪತ್ರಿಕೆಯ ಬಳಗದವೇ ಆದರೂ ಅವುಗಳ ಕರ್ತೃಗಳು ಬೇರೆಬೇರೆ. ಹಾಗಾಗಿ ಮರುಬಿಡುಗಡೆ ಎಂದರೆ ಅಷ್ಟೂ ಹಕ್ಕುಗಳ ಮಾತುಕತೆ ಮತ್ತೆ ಮೊದಲಿನಿಂದ ಶುರುವಾಗಬೇಕು. ಅದು ನಡೆದೀತೆಂದು ಕಾಯುವುದರಲ್ಲಿ ನನಗೆ ನಂಬಿಕೆಯಿಲ್ಲ.

ಅನುವಾದದ ವಿಷಯಕ್ಕೆ ಬಂದರೆ, ಮೊದಲು ನಿಮ್ಮ ಕಾರ್ಟ್ರಿಜ್‌ನ ದತ್ತಾಂಶವನ್ನು ರೋಮ್ (ROM) ಫೈಲ್ ಆಗಿ ನಕಲು ಮಾಡಿಕೊಳ್ಳಬೇಕು. ಅನಂತರ ಆ ಫೈಲಿನ ಹ್ಯಾಶ್ ಮೌಲ್ಯವು (ಅದರ ದತ್ತಾಂಶದಿಂದ ಲೆಕ್ಕಹಾಕಿದ ಬೆರಳಚ್ಚಿನಂಥ ಸಂಕೇತ) ಅನುವಾದಕರು ಸೂಚಿಸಿರುವ ಮೌಲ್ಯಕ್ಕೆ ಅಕ್ಷರಶಃ ಹೊಂದುತ್ತದೆಯೇ ಎಂದು ನೋಡಬೇಕು. ಒಂದು ಬೈಟ್ ಬದಲಾಗಿದ್ದರೂ ಹ್ಯಾಶ್ ಬೇರೆಯೇ ಬರುತ್ತದೆ. ಹೊಂದಿದರೆ ಮಾತ್ರ ಪ್ಯಾಚ್, ಅಂದರೆ ಆ ಫೈಲನ್ನು ತಿದ್ದುವ ಅನುವಾದದ ಫೈಲ್, ಹಾಕಿ. ಎಕ್ಸ್‌ಡೆಲ್ಟಾದಂಥ ಪ್ಯಾಚ್‌ಗಳಲ್ಲಿ ಮೂಲಕ್ಕೂ ಅನುವಾದಕ್ಕೂ ನಡುವಿನ ವ್ಯತ್ಯಾಸವಷ್ಟೇ ಇರುತ್ತದೆ, ಇಡೀ ಆಟವಲ್ಲ. ಅಭಿಮಾನಿ ತಂಡಗಳು ರೋಮ್ ಹಂಚದೆ ಪ್ಯಾಚ್ ಮಾತ್ರ ಹಂಚುವುದು ಇದಕ್ಕಾಗಿಯೇ.

ಉತ್ತರ 2

ಮೇಲಿನವರು ಹೇಳಿದ್ದು ಸರಿ, ಆದರೆ ಫೈಲ್ ಉಳಿದ ಮಾತ್ರಕ್ಕೆ ಆಟ ಉಳಿಯಿತು ಎನ್ನಲಾಗದು. ಇದರ ಜೀವಾಳ ಕೋಮಾ, ಅಂದರೆ ಮಾಂಗಾದ ಚಿತ್ರಚೌಕಗಳು. ಇಪ್ಪತ್ತು ಮನೆಗಳ ಡೆಕ್‌ನಲ್ಲಿ ಸಹಾಯ ಕೋಮಾ ಒಂದು ಮನೆಯನ್ನು, ಬೆಂಬಲ ಕೋಮಾ ಎರಡು ಅಥವಾ ಮೂರನ್ನು, ನೀವೇ ಆಡಿಸುವ ಹೋರಾಟಗಾರನ ಕೋಮಾ ನಾಲ್ಕರಿಂದ ಎಂಟನ್ನು ಆಕ್ರಮಿಸುತ್ತದೆ. ‘ಡ್ರ್ಯಾಗನ್ ಬಾಲ್’ ಮಾಂಗಾದ ನಾಯಕ ಗೋಕುವಿನ ಎಂಟು ಮನೆಯ ಕೋಮಾ ಇಟ್ಟರೆ ಬಲ ಹೆಚ್ಚುತ್ತದೆ, ಉಳಿದವರಿಗೆ ಜಾಗ ಕುಗ್ಗುತ್ತದೆ. ಆ ಡೆಕ್ ಹೋರಾಟದುದ್ದಕ್ಕೂ ಕೆಳಗಿನ ಪರದೆಯಲ್ಲೇ ಇರುತ್ತದೆ. ಮೇಲೆ ಹೊಡೆದಾಟ ನಡೆಯುತ್ತಿರುವಾಗಲೇ ಹೆಬ್ಬೆರಳಿನಿಂದ ಒಂದು ಚೌಕವನ್ನು ಮುಟ್ಟಿದರೆ ಸಂಗಡಿಗ ಹಾರಿ ಬಂದು ಏಟು ಕೊಟ್ಟು ಹೋಗುತ್ತಾನೆ. ಕಂಪ್ಯೂಟರಿನಲ್ಲಿ ಡಿಎಸ್‌ನಂತೆ ನಟಿಸುವ ಎಮ್ಯುಲೇಟರ್ ತಂತ್ರಾಂಶದಲ್ಲಿ ಇದೇ ಕೆಲಸಕ್ಕೆ ಕೈ ಮೌಸ್‌ನತ್ತ ಓಡಬೇಕು, ಅಷ್ಟರಲ್ಲಿ ಎದುರಾಳಿ ನಿಮ್ಮನ್ನು ಅಂಚಿನಾಚೆ ತಳ್ಳಿರುತ್ತಾನೆ. ಸಾಧ್ಯವಿದ್ದರೆ ಡಿಎಸ್‌ನಲ್ಲೇ ಆಡಿ.

ಪ್ರಶ್ನೆ ಕೇಳಿದವರಿಂದ

ಇಬ್ಬರಿಗೂ ಧನ್ಯವಾದಗಳು. ಹಾಗಿದ್ದರೆ ಆನ್‌ಲೈನ್ ಪಂದ್ಯಗಳ ಕಥೆ ಮುಗಿದಂತೆಯೇ?

ಉತ್ತರ 3

ಅಧಿಕೃತವಾಗಿ ಮುಗಿದಿದೆ. ಡಿಎಸ್ ಆಟಗಳನ್ನು ಬೆಸೆದಿದ್ದ ನಿಂಟೆಂಡೊ ವೈ-ಫೈ ಕನೆಕ್ಷನ್ ಸೇವೆ 2014ರ ಮೇ 20ರಂದು ನಿಂತಿತು. ಅದರ ಜಾಗದಲ್ಲಿ ವೀಮ್‌ಫೈನಂಥ ಅಭಿಮಾನಿ ಸರ್ವರ್‌ಗಳು ಹುಟ್ಟಿಕೊಂಡವು. ಕನ್ಸೋಲಿನ ಜಾಲ ವ್ಯವಸ್ಥೆಯಲ್ಲಿ ಡಿಎನ್‌ಎಸ್ (ಸರ್ವರ್ ಹೆಸರನ್ನು ವಿಳಾಸವಾಗಿಸುವ ಸೇವೆ) ವಿಳಾಸ ಬದಲಿಸಿ ಅಲ್ಲಿಗೆ ತಲುಪುವುದು ವಾಡಿಕೆ. ನಿಜವಾದ ತೊಡಕು ಮನೆಯ ರೂಟರ್‌ನಲ್ಲಿದೆ. ಡಿಎಸ್ ಆಟಗಳು ಡಬ್ಲ್ಯುಇಪಿ ಎಂಬ ಹಳೆಯ ಗೂಢಲಿಪಿಯನ್ನು ಅಥವಾ ಗುಪ್ತಪದವೇ ಇಲ್ಲದ ಜಾಲವನ್ನು ಮಾತ್ರ ಬಲ್ಲವು, ಇಂದಿನ ಬಹುತೇಕ ರೂಟರ್‌ಗಳು ಡಬ್ಲ್ಯುಇಪಿಯನ್ನು ಕೈಬಿಟ್ಟಿವೆ. ಗುಪ್ತಪದವಿಲ್ಲದ ಪ್ರತ್ಯೇಕ ಅತಿಥಿ ಜಾಲವೊಂದನ್ನು ಆಡುವಷ್ಟು ಹೊತ್ತು ತೆರೆದು ಮುಚ್ಚುವುದು ಸುಲಭದ ದಾರಿ. ಅಭಿಮಾನಿ ಸರ್ವರ್‌ನಲ್ಲಿ ಎದುರಾಳಿಗಳು ತಾವಾಗಿ ಸಿಗುತ್ತಾರೆಂದು ನಿರೀಕ್ಷಿಸದೆ, ಪರಿಚಿತರೊಂದಿಗೆ ಸಮಯ ಗೊತ್ತುಮಾಡಿಕೊಂಡೇ ಆಡಲು ಕೂರಿ.