ಕ್ಯಾಸ್ಟ್ರೋ ಬೀದಿಗೆ ಇಷ್ಟು ರಾಜಕೀಯ ಬಲ ಬಂದದ್ದು ಹೇಗೆ?

ಬೆಣ್ಣೆದೋಸೆ:
ಕೆಲಸದ ಮೇಲೆ ಸ್ಯಾನ್ ಫ್ರಾನ್ಸಿಸ್ಕೋಗೆ ಬಂದಿದ್ದೇನೆ. ಇಲ್ಲಿ ಕ್ಯಾಸ್ಟ್ರೋ ಅಂದರೆ ಗೇ ಜನರ ಬಡಾವಣೆ. ಅದರ ಸ್ಟೇಷನ್ನಿಂದ ಹತ್ತಿ ಬಂದರೆ ಹಾರ್ವಿ ಮಿಲ್ಕ್ ಪ್ಲಾಜಾ. ಮಿಲ್ಕ್ ಅಂದರೆ ಇಲ್ಲಿಂದ ಗೆದ್ದ ಗೇ ನಾಯಕ. ಏರ್‌ಪೋರ್ಟಿನ ಟರ್ಮಿನಲ್ 1ಕ್ಕೂ ಅವರದೇ ಹೆಸರು. ಗೇ ಜನ ಈ ಊರಲ್ಲಿ ಬಹುಸಂಖ್ಯಾತರೇನಲ್ಲ. ಬರೀ ತಲೆ ಎಣಿಸಿದರೆ ಲೆಕ್ಕ ಕೂಡಲ್ಲ, ಅಲ್ವಾ?

ಮಂಜು_ಬೇ_ಏರಿಯಾ:
ದುಡ್ಡಿದ್ದವರು ಸಾರ್. ಇನ್ನೇನು?

ಕಾಫಿಪುಡಿ:
ಮಂಜು, ದುಡ್ಡು ಆಮೇಲಿನ ಮಾತು. 1961ರಲ್ಲೇ ಹೊಸೆ ಸರಿಯಾ ಅಂತ ಒಬ್ಬರು, ತಾನು ಗೇ ಅಂತ ಮುಚ್ಚಿಡದೆ, ಈ ಊರಿನ ಚುನಾವಣೆಗೆ ನಿಂತಿದ್ದರು. ಬಾರಿನಲ್ಲಿ ಹೆಣ್ಣು ವೇಷ ಹಾಕಿ ಹಾಡುತ್ತಿದ್ದವರು. ಸೋತರು, ಆದರೆ ಸಾವಿರಗಟ್ಟಲೆ ವೋಟು ಬಿತ್ತು. ಪಕ್ಷದವರ ಕಿವಿ ನೆಟ್ಟಗಾಯಿತು.

ಇಲ್ಲಿನ ಕಾರ್ಪೊರೇಟರನ್ನು ಸೂಪರ್‌ವೈಸರ್ ಅಂತಾರೆ, ಒಟ್ಟು 11 ಜನ. ಆಗ ಅವರನ್ನು ಇಡೀ ಊರು ಸೇರಿ ಆರಿಸುತ್ತಿತ್ತು. ಕ್ಯಾಸ್ಟ್ರೋದಲ್ಲಿ ಕ್ಯಾಮೆರಾ ಅಂಗಡಿ ಇಟ್ಟಿದ್ದ ಮಿಲ್ಕ್ 1973ರಲ್ಲೂ ಸೋತರು, 1975ರಲ್ಲೂ ಸೋತರು. 1977ರಲ್ಲಿ ವಾರ್ಡ್‌ವಾರು ಚುನಾವಣೆ ಬಂತು ನೋಡಿ, ಗೆದ್ದರು.

ಆದರೆ ಸುಮ್ನೆ ಗೆಲ್ಲಲಿಲ್ಲ. ಅದಕ್ಕೂ ಮುಂಚೆ ಲಾರಿ ಡ್ರೈವರುಗಳ ಯೂನಿಯನ್ ಕೂರ್ಸ್ ಬಿಯರಿಗೆ ಬಹಿಷ್ಕಾರ ಹಾಕಿತ್ತು. ಮಿಲ್ಕ್ ಗೇ ಬಾರುಗಳಿಗೆ ಹೇಳಿ ಆ ಬಿಯರ್ ಮಾರೋದನ್ನೇ ನಿಲ್ಲಿಸಿದರು. ಬದಲಿಗೆ ಕೇಳಿದ್ದು ಒಂದೇ: ನಮ್ಮವರಿಗೂ ಡ್ರೈವರ್ ಕೆಲಸ ಕೊಡಿಸಿ. ಆ ಸ್ನೇಹ ಚುನಾವಣೆಯಲ್ಲಿ ಕೈಹಿಡಿಯಿತು. ನನ್ನ ಪ್ರಕಾರ ನಿಜವಾದ ಬಲ ಹುಟ್ಟಿದ್ದು ಇಲ್ಲೇ, ವಾರ್ಡ್ ಗಡಿಯಲ್ಲಲ್ಲ.

ಗೆದ್ದಮೇಲೆ ಬರೀ ಗೇ ಜನರ ಪರ ಕಾನೂನು ತಂದು ಕೂರಲಿಲ್ಲ. ನಾಯಿ ಹೇಲನ್ನು ನಾಯಿ ಸಾಕಿದವರೇ ಎತ್ತಬೇಕು ಅಂತಲೂ ಪಟ್ಟು ಹಿಡಿದರು. ಟಿವಿಯವರನ್ನು ಡ್ಯೂಬೋಸ್ ಪಾರ್ಕಿಗೆ ಕರೆಸಿ, ಕ್ಯಾಮೆರಾ ಮುಂದೆಯೇ 'ಅಕಸ್ಮಾತ್' ತುಳಿದರು! ಎಲ್ಲ ಮೊದಲೇ ಸಜ್ಜು ಮಾಡಿದ್ದೇ ಬಿಡಿ. ಆದರೆ ವೋಟರಿಗೆ ಇಂಥದ್ದು ಜಾಸ್ತಿ ನೆನಪಿರುತ್ತೆ.

ಬೆಣ್ಣೆದೋಸೆ:
ಮಿಲ್ಕ್ ಅವರನ್ನು ಕೊಂದಮೇಲೆ ಎಲ್ಲ ಕುಸಿಯಬೇಕಿತ್ತಲ್ಲ?

ಕಾಫಿಪುಡಿ:
ಕುಸಿಯಲಿಲ್ಲ. 1978ರ ನವೆಂಬರ್ 27ರಂದು ಮಿಲ್ಕ್ ಮತ್ತು ಮೇಯರ್ ಮಾಸ್ಕೋನಿ ಇಬ್ಬರನ್ನೂ ಗುಂಡಿಟ್ಟು ಕೊಂದರು. ಅದೇ ತಿಂಗಳ ಮೊದಲ ವಾರ, ಗೇ ಮೇಷ್ಟ್ರುಗಳನ್ನು ಶಾಲೆಯಿಂದ ತೆಗೆಯಬೇಕು ಅನ್ನೋ ಬ್ರಿಗ್ಸ್ ಪ್ರಸ್ತಾಪವನ್ನು ಇಡೀ ಕ್ಯಾಲಿಫೋರ್ನಿಯಾ ಸೋಲಿಸಿತ್ತು. ಮಿಲ್ಕ್ ಜಾಗಕ್ಕೆ ಬಂದ ಹ್ಯಾರಿ ಬ್ರಿಟ್ ಕೂಡ ಗೇ. 1980ರಲ್ಲಿ ವಾರ್ಡ್ ಪದ್ಧತಿ ತೆಗೆದು ಮತ್ತೆ ಇಡೀ ಊರಿನ ವೋಟಿಗೆ ಬಿಟ್ಟರು. ಬ್ರಿಟ್ ಅದರಲ್ಲೂ ಗೆದ್ದರು. ಈಗ ಹೇಳಿ ಮಂಜು, ಅದೂ ದುಡ್ಡೇನಾ?