ಜಜ್ಜಿದ ಸೌತೆಕಾಯಿ ಸಲಾಡ್ ಪ್ರತಿ ಸಲ ನೀರು ನೀರು, ಮೇಲೆ ಕಹಿ ಬೇರೆ. ಎಲ್ಲಿ ತಪ್ಪುತ್ತಿದ್ದೇನೆ?

ಬಾಣಲೆ_ಭಟ್ಟ · ಶನಿವಾರ ರಾತ್ರಿ 9:12

ಮೂರು ವಾರದಲ್ಲಿ ಇದು ನಾಲ್ಕನೇ ಸಲ. ಸಾಕಾಗಿ ಹೋಗಿದೆ. ಚೀನಾದವರು ಮಾಡುವ ಜಜ್ಜಿದ ಸೌತೆಕಾಯಿಯ ಖಾರದ ಸಲಾಡ್ ಇದೆಯಲ್ಲ, ಪಾಯ್ ಹ್ವಾಂಗ್ ಗ್ವಾ, ಅದನ್ನು ಮಾಡಲು ಹೋಗಿ ಪ್ರತಿ ಸಲ ಕಂದು ಬಣ್ಣದ ನೀರು ಸಿಗುತ್ತಿದೆ. ಹೋಳುಗಳು ಅದರಲ್ಲಿ ಈಜಾಡುತ್ತಿವೆ. ಖಾರವೆಲ್ಲ ನೀರಿಗೆ ಇಳಿದಿದೆ, ಹೋಳು ಸಪ್ಪೆ. ನುಂಗಿದ ಮೇಲೆ ಗಂಟಲಲ್ಲಿ ಕಹಿ. ಹೆಂಡತಿ ನೋಡಿ "ಇದು ಸಲಾಡಾ, ಸಾರಾ?" ಅಂದಳು.

ರೆಸಿಪಿಯಲ್ಲಿ ಇರುವಂತೆಯೇ ಎಲ್ಲ ಹಾಕಿದ್ದೇನೆ. ಸೋಯಾ ಸಾಸ್, ವಿನೆಗರ್, ಸಕ್ಕರೆ, ಬೆಳ್ಳುಳ್ಳಿ, ಎಳ್ಳೆಣ್ಣೆ, ಮನೆಯಲ್ಲೇ ಮಾಡಿದ ಖಾರದೆಣ್ಣೆ. ನಾಳೆ ಮಧ್ಯಾಹ್ನ ಬಾಮೈದ ಊಟಕ್ಕೆ ಬರುತ್ತಾನೆ. ಬೇಗ ಹೇಳಿ.

ತೋಟದ_ಮನೆ · ರಾತ್ರಿ 9:20

ಕಹಿ ಅಂದರೆ ತೊಟ್ಟು. ಬೇರೆ ಏನೂ ಯೋಚನೆ ಮಾಡಬೇಡಿ. ಸೌತೆಯಲ್ಲಿ ಕುಕುರ್ಬಿಟಾಸಿನ್ ಅಂತ ಕಹಿ ಅಂಶ ಇರುತ್ತದೆ. ತೊಟ್ಟಿನ ಕಡೆ ಮತ್ತು ಸಿಪ್ಪೆಯ ಕೆಳಗೆ ಜಾಸ್ತಿ. ಬಿಸಿಲು ಹೆಚ್ಚಾಗಿ, ಬಳ್ಳಿಗೆ ನೀರು ಸಾಲದೆ ಹೋದರೆ ಇನ್ನೂ ಹೆಚ್ಚು. ತೊಟ್ಟಿನ ಕಡೆ ಒಂದು ಇಂಚು ಕತ್ತರಿಸಿ, ಅದೇ ತುಂಡಿನಿಂದ ಉಜ್ಜಿ ನೊರೆ ತೆಗೆಯಿರಿ.

ಚಾಕು_ಪ್ರಿಯ · ರಾತ್ರಿ 9:31

ಗುರು, ಯಾವುದರಲ್ಲಿ ಜಜ್ಜಿದ್ದು? ಈ ಸಲಾಡಿನ ಗುಟ್ಟೇ ಅಲ್ಲಿ ಇರುವುದು. ಅಗಲ ಅಲಗಿನ ಚೀನೀ ಕತ್ತಿ ಇರಬೇಕು. ಅಲಗನ್ನು ಅಡ್ಡ ಮಲಗಿಸಿ ಅಂಗೈಯಿಂದ ಒಂದೇ ಏಟು. ಸೌತೆ ಉದ್ದಕ್ಕೆ ಸೀಳಬೇಕು, ಪೇಸ್ಟ್ ಆಗಬಾರದು. ನನ್ನದು ಕಾರ್ಬನ್ ಸ್ಟೀಲ್, ಸಾವಿರ ಗ್ರಿಟ್‌ನ ಮಸೆಗಲ್ಲಿನ ಮೇಲೆ ವಾರಕ್ಕೊಮ್ಮೆ ಮಸೆಯುತ್ತೇನೆ. ಫೋಟೋ ಬೇಕಾದರೆ ಹಾಕುತ್ತೇನೆ.

ಬಾಣಲೆ_ಭಟ್ಟ · ರಾತ್ರಿ 9:38

ಲಟ್ಟಣಿಗೆಯಲ್ಲಿ ಜಜ್ಜಿದೆ. ಫೋಟೋ ಬೇಡ. @ತೋಟದ_ಮನೆ ಸರ್, ತೊಟ್ಟು ಕತ್ತರಿಸಿದ್ದೆ, ಉಜ್ಜಿದ್ದೆ, ನೊರೆಯೂ ಬಂತು. ಆದರೂ ಕಹಿ.

ತೋಟದ_ಮನೆ · ರಾತ್ರಿ 9:41

ಹಾಗಾದರೆ ಒಂದು ಇಂಚು ಸಾಲಲಿಲ್ಲ. ಒಂದೂವರೆ ಕತ್ತರಿಸಿ.

ಅಡುಗೆಮನೆ_ಲ್ಯಾಬ್ · ರಾತ್ರಿ 9:49

ಉಜ್ಜಿದರೆ ಕಹಿ ಹೋಗುತ್ತದೆ ಅನ್ನುವುದು ಅಜ್ಜಿ ಕಾಲದ ನಂಬಿಕೆ. ಬರುವ ನೊರೆ ಕಾಯಿಯದೇ ರಸ. ಕಹಿ ಇರುವ ತುದಿ ಕತ್ತರಿಸಿ ಎಸೆದಿದ್ದರಿಂದ ಕಹಿ ಕಡಿಮೆಯಾಯಿತು, ಅಷ್ಟೇ.

ತೋಟದ_ಮನೆ · ರಾತ್ರಿ 9:52

ನಲವತ್ತು ವರ್ಷದಿಂದ ಸೌತೆ ಬೆಳೆಯುತ್ತಿದ್ದೇವೆ. ನೀವು ಎಷ್ಟು ಬಳ್ಳಿ ಹಾಕಿದ್ದೀರಿ?

ಅಡುಗೆಮನೆ_ಲ್ಯಾಬ್ · ರಾತ್ರಿ 9:53

ಬಳ್ಳಿಗೂ ಇದಕ್ಕೂ ಏನು ಸಂಬಂಧ?

ದೂರದ_ಕನ್ನಡತಿ · ರಾತ್ರಿ 10:05

ಸಿಂಗಪುರದಿಂದ. ಇಲ್ಲಿ ನಮ್ಮ ಎದುರು ಮನೆಯ ಆಂಟಿ ಇದನ್ನು ವಾರಕ್ಕೆರಡು ಸಲ ಮಾಡುತ್ತಾರೆ, ಅವರ ಪಕ್ಕ ನಿಂತು ಕಲಿತಿದ್ದು. ಎರಡು ಪ್ರಶ್ನೆ. ಯಾವ ಸೌತೆ? ಉಪ್ಪು ಯಾವಾಗ ಹಾಕಿದಿರಿ?

ಬಾಣಲೆ_ಭಟ್ಟ · ರಾತ್ರಿ 10:11

ಸೌತೆ ಅಂದರೆ ಸೌತೆ, ಹಸಿರುದು. ಮಾರ್ಕೆಟಿನಲ್ಲಿ ಸಿಗುವ ದಪ್ಪದ್ದು. ಉಪ್ಪು ಕೊನೆಗೆ, ಇನ್ನೇನು ಎಲ್ಲ ಕಲಸಿ ಆಯಿತು ಅನ್ನುವಾಗ. ಅಮ್ಮ ಕೋಸಂಬರಿಗೆ ಹಾಗೆಯೇ ಹಾಕುವುದು. ಮೊದಲೇ ಹಾಕಿದರೆ ನೀರು ಬಿಡುತ್ತದೆ ಅಂತ ಚಿಕ್ಕಂದಿನಿಂದ ಬೈಸಿಕೊಂಡಿದ್ದೇನೆ.

ದೂರದ_ಕನ್ನಡತಿ · ರಾತ್ರಿ 10:24

ಸಿಕ್ಕಿತು ನೋಡಿ. ಕೋಸಂಬರಿಗೆ ಅಮ್ಮ ಹೇಳಿದ್ದು ಸರಿ. ಬಡಿಸುವ ಹೊತ್ತಿಗೆ ಉಪ್ಪು ಹಾಕಿ ತಕ್ಷಣ ತಿನ್ನುತ್ತೀವಿ, ನೀರು ಬಿಡಲು ಸಮಯವೇ ಇರುವುದಿಲ್ಲ. ಇಲ್ಲಿ ಉಲ್ಟಾ. ನೀರು ಬಿಡಲಿ ಅಂತಲೇ ಮೊದಲು ಉಪ್ಪು ಹಾಕುವುದು, ಬಂದ ನೀರನ್ನು ಚೆಲ್ಲುವುದು, ಆಮೇಲೆ ಸಾಸ್. ಸೌತೆಯಲ್ಲಿ 95 ಭಾಗ ನೀರೇ. ನೀವು ಉಪ್ಪನ್ನು ಕೊನೆಗೆ ಹಾಕಿದರೂ ಸೋಯಾ ಸಾಸಿನಲ್ಲಿ ಉಪ್ಪು ಇದೆ, ಸಕ್ಕರೆಯೂ ನೀರು ಎಳೆಯುತ್ತದೆ. ಆ ನೀರು ಹೋಗಲು ಬೇರೆ ಜಾಗವಿಲ್ಲ, ಸಾಸಿಗೇ ಸೇರುತ್ತದೆ.

ಅರ್ಧ ಕಿಲೋ ಸೌತೆಗೆ ಒಂದು ಟೀ ಚಮಚ ಪುಡಿ ಉಪ್ಪು. ಜಜ್ಜಿ, ಒಂದೂವರೆ ಇಂಚಿನ ಹೋಳು ಮಾಡಿ, ಉಪ್ಪು ಸವರಿ, ತೂತಿನ ಪಾತ್ರೆಯಲ್ಲಿ ಇಪ್ಪತ್ತು ನಿಮಿಷ ಇಡಿ. ಕೆಳಗೆ ಬಟ್ಟಲು ಇಡಿ, ಎಷ್ಟು ನೀರು ಬರುತ್ತದೆ ಅಂತ ಕಣ್ಣಾರೆ ನೋಡಿ. ಬೀಜ ಸಡಿಲವಾಗಿದ್ದರೆ ಕೈಯಿಂದ ತೆಗೆದುಬಿಡಿ. ಆಮೇಲೆ ಬೇರೆ ಉಪ್ಪು ಬೇಡ. ಸಾಧ್ಯವಾದರೆ ಉದ್ದದ ಇಂಗ್ಲಿಷ್ ಸೌತೆ ತನ್ನಿ, ತೆಳು ಸಿಪ್ಪೆ, ಬೀಜ ಕಡಿಮೆ. ಇಲ್ಲದಿದ್ದರೆ ಎಳೆಯದನ್ನೇ ಆರಿಸಿ.

ಹುಬ್ಬಳ್ಳಿ_ಹುಳಿಖಾರ · ರಾತ್ರಿ 10:30

ಅಲ್ರೀ, ಇಷ್ಟೆಲ್ಲ ಯಾಕೆ? ಸೌತೆ, ಖಾರ, ಹುಳಿ ಅಂದಮೇಲೆ ಇದು ನಮ್ಮ ಕೋಸಂಬರಿನೇ ಅಲ್ವಾ? ಸೌತೆ ಮೂಲದಲ್ಲಿ ಹಿಮಾಲಯದ ತಪ್ಪಲಿನದು. ಇಲ್ಲಿಂದ ಹೋದದ್ದನ್ನು ಅವರು ಜಜ್ಜಿ ನಮಗೇ ವಾಪಸ್ ಕೊಡುತ್ತಿದ್ದಾರೆ.

ಅಡುಗೆಮನೆ_ಲ್ಯಾಬ್ · ರಾತ್ರಿ 10:34

ಬೇಳೆ ಇಲ್ಲ, ಒಗ್ಗರಣೆ ಇಲ್ಲ, ತೆಂಗಿನಕಾಯಿ ಇಲ್ಲ. ಕೋಸಂಬರಿ ಹೇಗಾಗುತ್ತದೆ?

ಹುಬ್ಬಳ್ಳಿ_ಹುಳಿಖಾರ · ರಾತ್ರಿ 10:36

ಬೇಳೆ ಇಲ್ಲದ ಕೋಸಂಬರಿಯೂ ಇದೆ. ನಮ್ಮಲ್ಲಿ ಗಜ್ಜರಿಗೆ ಬೇಳೆ ಹಾಕೋದಿಲ್ಲ.

(ಇಲ್ಲಿಂದ ಹದಿನಾಲ್ಕು ಉತ್ತರಗಳನ್ನು "ಕೋಸಂಬರಿಗೆ ಬೇಳೆ ಕಡ್ಡಾಯವೇ?" ಎಂಬ ಬೇರೆ ಚರ್ಚೆಗೆ ಸರಿಸಲಾಗಿದೆ. ದಯವಿಟ್ಟು ಅಲ್ಲೇ ಜಗಳ ಆಡಿ. — ನಿರ್ವಾಹಕರು)

ಬಾಣಲೆ_ಭಟ್ಟ · ಭಾನುವಾರ ಬೆಳಿಗ್ಗೆ 10:48

ಮಾಡಿದೆ. 520 ಗ್ರಾಂ ಸೌತೆ, ಇಪ್ಪತ್ತು ನಿಮಿಷ. ಬಟ್ಟಲಲ್ಲಿ ಅರ್ಧ ಟೀ ಲೋಟಕ್ಕಿಂತ ಹೆಚ್ಚು ನೀರು. ಅಳೆದೆ, 70 ಮಿ.ಲೀ. ಇಷ್ಟು ದಿನ ಇದನ್ನೆಲ್ಲ ನಾನು ತಿಂದಿದ್ದು! ಹೋಳು ಕರುಂ ಕರುಂ ಅನ್ನುತ್ತಿದೆ, ಒಡೆದ ಅಂಚುಗಳಲ್ಲಿ ಸಾಸ್ ಹಿಡಿದುಕೊಂಡಿದೆ.

ಆದರೆ ಕಹಿ ಹಾಗೇ ಇದೆ. ಬಾಮೈದ ಒಂದು ಗಂಟೆಗೆ ಬರುತ್ತಾನೆ.

ತೋಟದ_ಮನೆ · ಬೆಳಿಗ್ಗೆ 10:51

ಎರಡು ಇಂಚು ಕತ್ತರಿಸಿ.

ಕುಂದಾಪುರ_ಅಕ್ಕ · ಬೆಳಿಗ್ಗೆ 10:58

ತೋಟದ ಮನೆಯವರೇ, ಹೀಗೇ ಕತ್ತರಿಸುತ್ತಾ ಹೋದರೆ ಕೊನೆಗೆ ಬೀಜ ಮಾತ್ರ ಉಳಿಯುತ್ತದೆ. ಭಟ್ರೇ, ಒಂದು ಕೆಲಸ ಮಾಡಿ. ಉಪ್ಪು ಹಾಕಿಟ್ಟ ಹೋಳನ್ನು ಏನೂ ಬೆರೆಸದೆ ಬಾಯಿಗೆ ಹಾಕಿ. ಕಹಿ ಇದೆಯಾ?

ಬಾಣಲೆ_ಭಟ್ಟ · ಬೆಳಿಗ್ಗೆ 11:02

ಇಲ್ಲ. ಸಿಹಿಯಾಗೇ ಇದೆ.

ಕುಂದಾಪುರ_ಅಕ್ಕ · ಬೆಳಿಗ್ಗೆ 11:04

ಈಗ ಖಾರದೆಣ್ಣೆ ಒಂದು ತೊಟ್ಟು ನಾಲಿಗೆಗೆ.

ಬಾಣಲೆ_ಭಟ್ಟ · ಬೆಳಿಗ್ಗೆ 11:05

ಅಯ್ಯೋ.

ಕುಂದಾಪುರ_ಅಕ್ಕ · ಬೆಳಿಗ್ಗೆ 11:06

ಹೇಗೆ ಮಾಡಿದಿರಿ ಆ ಎಣ್ಣೆ?

ಬಾಣಲೆ_ಭಟ್ಟ · ಬೆಳಿಗ್ಗೆ 11:10

ಎಣ್ಣೆ ಹೊಗೆ ಬರುವಷ್ಟು ಕಾಯಿಸಿ, ಅಚ್ಚ ಖಾರದ ಪುಡಿ ಮತ್ತು ಬೆಳ್ಳುಳ್ಳಿ ಚೂರಿನ ಮೇಲೆ ಸುರಿದೆ. ಬುಸ್ ಅಂತು. ವೀಡಿಯೋದಲ್ಲೂ ಹಾಗೇ ಬುಸ್ ಅಂದಿತ್ತು. ಬಣ್ಣ ಸ್ವಲ್ಪ ಕಪ್ಪು ಬಂತು, ಸೋಯಾ ಜೊತೆ ಸೇರಿದರೆ ಗೊತ್ತಾಗುವುದಿಲ್ಲ ಅಂದುಕೊಂಡೆ. ಒಂದು ಸಲ ಮಾಡಿ ಬಾಟಲಿಗೆ ತುಂಬಿಸಿಟ್ಟಿದ್ದೇನೆ, ನಾಲ್ಕು ಸಲಕ್ಕೂ ಅದೇ.

ಕುಂದಾಪುರ_ಅಕ್ಕ · ಬೆಳಿಗ್ಗೆ 11:22

ಅದು ಸೀದಿದೆ. ನುಣ್ಣನೆಯ ಪುಡಿ ಕ್ಷಣದಲ್ಲಿ ಸೀಯುತ್ತದೆ, ಬೆಳ್ಳುಳ್ಳಿ ಕಪ್ಪಾದರೆ ಅದರ ಕಹಿ ಬೇರೆ. ನೀವು ಪಾಪ ಸೌತೆಯನ್ನು ಉಜ್ಜಿದ್ದೇ ಉಜ್ಜಿದ್ದು!

ಹೊಸದು ಮಾಡಿ, ಹತ್ತು ನಿಮಿಷದ ಕೆಲಸ. ಬ್ಯಾಡಗಿ ಮೆಣಸನ್ನು ಬೆಚ್ಚಗೆ ಮಾಡಿ ಮಿಕ್ಸಿಯಲ್ಲಿ ತರಿತರಿಯಾಗಿ ಪುಡಿ ಮಾಡಿ, ಮೂರು ದೊಡ್ಡ ಚಮಚ. ಅದು ಬಣ್ಣಕ್ಕೆ, ಖಾರ ಕಡಿಮೆ. ಖಾರಕ್ಕೆ ಗುಂಟೂರು ಅರ್ಧ ಚಮಚ ಸೇರಿಸಿ. ಸೂರ್ಯಕಾಂತಿ ಎಣ್ಣೆ ಅರ್ಧ ಲೋಟ ಕಾಯಿಸಿ, ಒಲೆ ಆರಿಸಿ, ನಾಲ್ಕೈದು ನಿಮಿಷ ಸುಮ್ನೆ ಬಿಡಿ. ಒಂದು ಚಿಟಿಕೆ ಪುಡಿ ಹಾಕಿ ನೋಡಿ. ಸುತ್ತ ಸಣ್ಣ ಗುಳ್ಳೆ ಎದ್ದು ಬಣ್ಣ ಕೆಂಪಾಗೇ ಉಳಿದರೆ ಸರಿ. ತಕ್ಷಣ ಕಂದಾದರೆ ಇನ್ನೂ ಕಾಯಬೇಕು. ಎಣ್ಣೆಯನ್ನು ಪುಡಿಯ ಮೇಲೆ ಮೂರು ಕಂತಿನಲ್ಲಿ ಸುರಿಯಿರಿ. ಬೆಳ್ಳುಳ್ಳಿ ಎಣ್ಣೆಗೆ ಬೇಡ, ಹಸಿಯಾಗೇ ಜಜ್ಜಿ ಸಾಸಿಗೆ ಹಾಕಿ. ಹಳೆ ಬಾಟಲಿ ಚೆಲ್ಲಿ. ಎಣ್ಣೆಯಲ್ಲಿ ಬೆಳ್ಳುಳ್ಳಿ ಮುಳುಗಿಸಿ ಹೊರಗೆ ವಾರಗಟ್ಟಲೆ ಇಡುವುದು ಹೊಟ್ಟೆಗೂ ಒಳ್ಳೆಯದಲ್ಲ, ವಿಷವಾಗುವ ಸಾಧ್ಯತೆ ಇದೆ.

ಚಾಕು_ಪ್ರಿಯ · ಬೆಳಿಗ್ಗೆ 11:25

ಬ್ಯಾಡಗಿಯಲ್ಲಿ ಡಬ್ಬಿ ತಳಿನಾ, ಕಡ್ಡಿ ತಳಿನಾ? ನಾನು ಡಬ್ಬಿ ಬಿಟ್ಟು ಬೇರೆ ತರುವುದಿಲ್ಲ. ತರಿ ಮಾಡಲು ಮಿಕ್ಸಿ ಬೇಡ, ಕಲ್ಲಿನ ಕುಟ್ಟಾಣಿ. ನನ್ನದು ಹನ್ನೊಂದು ಕಿಲೋ ತೂಗುತ್ತದೆ.

ಕುಂದಾಪುರ_ಅಕ್ಕ · ಬೆಳಿಗ್ಗೆ 11:27

ಯಾವುದಾದರೂ ಆಗುತ್ತದೆ ಮಾರಾಯ್ರೆ. ಅವರ ಬಾಮೈದ ದಾರಿಯಲ್ಲಿದ್ದಾನೆ.

ದೂರದ_ಕನ್ನಡತಿ · ಬೆಳಿಗ್ಗೆ 11:40

ಅಕ್ಕ ಹೇಳಿದ್ದು ನೂರಕ್ಕೆ ನೂರು. ಇನ್ನೊಂದು. ಭಟ್ರೇ, ನೀವು ಬರೆದ "ಎಳ್ಳೆಣ್ಣೆ" ಯಾವುದು?

ಬಾಣಲೆ_ಭಟ್ಟ · ಬೆಳಿಗ್ಗೆ 11:43

ಗಾಣದ್ದು. ಉಪ್ಪಿನಕಾಯಿಗೆ, ದೀಪಕ್ಕೆ ಅಂತ ತಂದಿದ್ದೆವಲ್ಲ, ಅದೇ.

ದೂರದ_ಕನ್ನಡತಿ · ಬೆಳಿಗ್ಗೆ 11:49

ಅದು ಹಸಿ ಎಳ್ಳಿನದು. ಚೀನಾ, ಕೊರಿಯಾದವರು ಹಾಕುವುದು ಹುರಿದ ಎಳ್ಳಿನ ಎಣ್ಣೆ, ಕಂದು ಬಣ್ಣ, ಬಾಟಲಿ ತೆಗೆದರೆ ಮನೆಯೆಲ್ಲ ಚಿಗಳಿ ವಾಸನೆ. ಒಂದು ಟೀ ಚಮಚ ಸಾಕು. ಈಗ ತರಲು ಸಮಯವಿಲ್ಲ ಅಂದರೆ ಗಾಣದ ಎಣ್ಣೆ ಬಿಟ್ಟುಬಿಡಿ, ಎರಡು ಚಮಚ ಎಳ್ಳು ಹುರಿದು ಅರ್ಧಂಬರ್ಧ ಕುಟ್ಟಿ ಉದುರಿಸಿ.

ಸೋಯಾ ಕೂಡ ನೋಡಿಕೊಳ್ಳಿ. ನಮ್ಮಲ್ಲಿ ಮಂಚೂರಿಗೆ ಹಾಕುವ ಡಾರ್ಕ್ ಸೋಯಾ ಬಣ್ಣಕ್ಕೆ. ಇದಕ್ಕೆ ಲೈಟ್ ಸೋಯಾ ಬೇಕು. ಒಂದು ದೊಡ್ಡ ಚಮಚ ಸೋಯಾ, ಒಂದು ದೊಡ್ಡ ಚಮಚ ವಿನೆಗರ್, ಒಂದು ಟೀ ಚಮಚ ಸಕ್ಕರೆ. ಅವರದು ಝೆನ್‌ಜಿಯಾಂಗ್ ಊರಿನ ಕಪ್ಪು ವಿನೆಗರ್, ಅಂಟಕ್ಕಿಯಿಂದ ಮಾಡುವುದು, ಹುಳಿ ಮೆದು. ನಿಮ್ಮ ಹತ್ತಿರ ಬಿಳಿ ವಿನೆಗರ್ ಇದ್ದರೆ ಅರ್ಧ ಚಮಚ ಹಾಕಿ, ಸಕ್ಕರೆ ಬದಲು ಬೆಲ್ಲ.

ಕುಂದಾಪುರ_ಅಕ್ಕ · ಬೆಳಿಗ್ಗೆ 11:55

ಸಿಚುವಾನ್ ಕಡೆಯವರು ನಾಲಿಗೆ ಜುಮ್ ಅನ್ನುವ ಒಂದು ಮೆಣಸು ಹಾಕುತ್ತಾರಲ್ಲ, ಅದರ ನೆಂಟ ನಮ್ಮಲ್ಲೇ ಇದೆ. ಜುಮ್ಮನಕಾಯಿ, ಕೊಂಕಣಿಯವರ ತೆಪ್ಪಳ. ನಮ್ಮ ಕಡೆ ಬಂಗುಡೆ ಸಾರಿಗೆ ಹಾಕುವುದು. ಒಳಗಿನ ಕಪ್ಪು ಬೀಜ ಬಿಸಾಡಿ, ಸಿಪ್ಪೆ ನಾಲ್ಕು ಸಾಕು, ಬೆಚ್ಚಗೆ ಮಾಡಿ ಪುಡಿ ಮಾಡಿ. ಪರಿಮಳ ಬೇರೆ, ಕಿತ್ತಳೆ ಸಿಪ್ಪೆಯ ಹಾಗೆ. ನಾನು ಒಂದು ಸಲ ಹತ್ತು ಹಾಕಿ ಅರ್ಧ ಗಂಟೆ ತುಟಿ ಎಲ್ಲಿದೆ ಅಂತ ಹುಡುಕಿದ್ದೇನೆ.

ಬಾಣಲೆ_ಭಟ್ಟ · ಭಾನುವಾರ ಸಂಜೆ 4:15

ಕಹಿ ಇಲ್ಲ! ಬಾಮೈದ ಎರಡು ಸಲ ಹಾಕಿಸಿಕೊಂಡ. ಬಟ್ಟಲ ತಳದಲ್ಲಿ ಉಳಿದ ಸಾಸನ್ನು ಅನ್ನಕ್ಕೂ ಕಲಸಿದ. ಅಕ್ಕ, ಸಿಂಗಪುರದವರೇ, ಇಬ್ಬರಿಗೂ ದೊಡ್ಡ ನಮಸ್ಕಾರ.

ನಾಳೆಯಿಂದ ಮತ್ತೆ ಆಫೀಸ್ ಡಬ್ಬಿಗೆ ಶುರು. ಬೆಳಿಗ್ಗೆ 7ಕ್ಕೆ ಕಲಸಿ ಹಾಕಿದರೆ 1:30ಕ್ಕೂ ಹೀಗೇ ಇರುತ್ತದೆ ಅಲ್ವಾ?

ದೂರದ_ಕನ್ನಡತಿ · ಸಂಜೆ 4:22

ಒಂದು ನಿಮಿಷ. ಇಷ್ಟು ದಿನ ಡಬ್ಬಿಗೆ ಹಾಕಿ ಆರೂವರೆ ಗಂಟೆ ಬಿಟ್ಟು ತಿನ್ನುತ್ತಿದ್ದಿರಾ?

ಬಾಣಲೆ_ಭಟ್ಟ · ಸಂಜೆ 4:25

ಹೌದು, ಹೇಳಿದ್ದೆ ಅಲ್ವಾ?

ಅಡುಗೆಮನೆ_ಲ್ಯಾಬ್ · ಸಂಜೆ 4:26

ಇಲ್ಲ. ಎಲ್ಲೂ ಹೇಳಿಲ್ಲ. ಮೇಲಿಂದ ಮತ್ತೆ ಓದಿದೆ.

ದೂರದ_ಕನ್ನಡತಿ · ಸಂಜೆ 4:31

ಉಪ್ಪಿಗೆ ಎಷ್ಟೇ ನೀರು ಬಿಟ್ಟಿದ್ದರೂ ಅಷ್ಟು ಹೊತ್ತಿಗೆ ಮತ್ತೆ ಬಿಟ್ಟೇ ಬಿಡುತ್ತದೆ. ನೀರು ಬಸಿದ ಸೌತೆ ದೊಡ್ಡ ಡಬ್ಬಿಯಲ್ಲಿ, ಸಾಸ್ ಚಟ್ನಿ ಡಬ್ಬಿಯಲ್ಲಿ. ಆಫೀಸಿನಲ್ಲಿ ಫ್ರಿಜ್ ಇದ್ದರೆ ಹೋದ ತಕ್ಷಣ ಅಲ್ಲಿಡಿ. ತಿನ್ನುವಾಗ ಕಲಸಿ.

ಹುಬ್ಬಳ್ಳಿ_ಹುಳಿಖಾರ · ಸಂಜೆ 4:40

ಅಂದರೆ ಕಡೀಗೆ ತಿನ್ನೋ ಹೊತ್ತಿಗೆ ಕಲಸಬೇಕು. ಕೋಸಂಬರಿ ಹಾಗೇ. ನಾನು ಹೇಳಿದ್ದು ಅದೇ.

ಚಾಕು_ಪ್ರಿಯ · ಸಂಜೆ 5:02

ಕೇಳಿದವರಿಗಾಗಿ ಕತ್ತಿಯ ಫೋಟೋ ಹಾಕಿದ್ದೇನೆ. ಹಿಂದೆ ಕಾಣುವುದು ಕುಟ್ಟಾಣಿ.

ಹೊಸ_ಒಲೆ · ಸೋಮವಾರ ಬೆಳಿಗ್ಗೆ 8:10

ಎಲ್ಲರಿಗೂ ನಮಸ್ಕಾರ, ಇದೇ ಮೊದಲ ಪೋಸ್ಟ್. ಮನೆಯಲ್ಲಿ ಮಂಗಳೂರು ಸೌತೆ ನಾಲ್ಕು ಇದೆ. ಅದರಲ್ಲಿ ಇದನ್ನು ಮಾಡಬಹುದಾ?

ತೋಟದ_ಮನೆ · ಸೋಮವಾರ ಬೆಳಿಗ್ಗೆ 8:14

ಅದು ನಿಜಕ್ಕೂ ಸೌತೆ ಅಲ್ಲ, ಖರಬೂಜದ ಜಾತಿ. ಬಲಿತದ್ದು ಹುಳಿಗೇ ಸರಿ, ಹಸಿಯಾಗಿ ತಿನ್ನಲು ಗಟ್ಟಿ. ಮಾಡಲೇಬೇಕು ಅಂದರೆ ಸಿಪ್ಪೆ, ತಿರುಳು ತೆಗೆದು ತೆಳ್ಳಗೆ ಹೆಚ್ಚಿ. ತೊಟ್ಟಿನ ಕಡೆ ಒಂದು ಇಂಚು ಕತ್ತರಿಸುವುದು ಮರೆಯಬೇಡಿ.